‘ಹತ್ತು ಮೊಳ ಹೂವು’ ಎಂಬ ಪಿಚ್ಚರು

ನನಗೊಂದು ಚಟವಿದೆ. ಯಾರು ಏನು ಹೇಳಿದರೂ ಅದು ನಿಜವೋ ಸುಳ್ಳೋ ಎಂದು ನೋಡುವ ತನಕ ನನಗೆ ಗಂಟಲಲ್ಲಿ ಅನ್ನ ಇಳಿಯುವುದಿಲ್ಲ. ಹೆಬ್ಬಾಳದ ಕೆರೆಗೆ ಮೊಸಳೆ ಬಂದಿದೆಯಂತೆ ಎಂದು ನಮ್ಮ ಕುಟುಂಬದ ಗ್ರೂಪಿನಲ್ಲಿ ಒಂದು ಫೋಟೋ ಬಿದ್ದರೆ, ಉಳಿದವರು ‘ಅಯ್ಯೋ ದೇವರೇ’ ಎಂದು ಕೈಮುಗಿಯುವ ಗುರುತು ಒತ್ತುತ್ತಿರುವಾಗ ನಾನು ಆ ಮೊಸಳೆಯ ಹಿಂದಿರುವ ಮರ ಯಾವ ದೇಶದ್ದೆಂದು ಹುಡುಕುತ್ತಿರುತ್ತೇನೆ. ವಿಮಾ ಕಚೇರಿಯಲ್ಲಿ ಕ್ಲೇಮುಗಳನ್ನು ಪರಿಶೀಲಿಸುತ್ತಲೇ ತಲೆ ಬೆಳ್ಳಗಾದವಳು ನಾನು. ಆ ಬುದ್ಧಿ ಮನೆಗೂ ಬಂದು ಕೂತಿದೆ. “ನಿನ್ನ ಮುಂದೆ ದೇವರೇ ಪ್ರತ್ಯಕ್ಷ ಆದ್ರೂ ವಿಳಾಸದ ಪುರಾವೆ ಕೇಳ್ತೀಯ ಕಣೇ” ಎಂದು ನನ್ನ ಯಜಮಾನರು ಹೇಳುವುದುಂಟು. ಕೇಳದೆ ಇನ್ನೇನು? ಎಷ್ಟು ಜನ ವೇಷ ಹಾಕಿಕೊಂಡು ತಿರುಗುತ್ತಾರೆ ಎಂದು ನಿಮಗೂ ಗೊತ್ತಲ್ಲ.

ಇಂಥ ನಾನು ಒಂದು ವಿಷಯವನ್ನು ಮಾತ್ರ ಬಾಲ್ಯದಿಂದಲೂ ಪರೀಕ್ಷೆ ಮಾಡದೆ ಬಿಟ್ಟಿದ್ದೆ. ಅದು ನಮ್ಮ ದೊಡ್ಡಮ್ಮನ ಪಿಚ್ಚರು.

ದೊಡ್ಡಮ್ಮ ಎಂದರೆ ನನ್ನ ಅಮ್ಮನ ಅಕ್ಕ, ಜಯಮ್ಮ. ಹುಟ್ಟಿದ್ದು ಯಲಹಂಕದಾಚೆಯ ಹುಣಸಮಾರನಹಳ್ಳಿಯಲ್ಲಿ. ಮದುವೆಯಾಗಿ ಬಂದದ್ದು ಗಂಗಾನಗರಕ್ಕೆ. ಆಗ ಅಲ್ಲಿ ಗಂಡನ ಮನೆಯವರ ರಾಗಿ ಹೊಲ ಇತ್ತಂತೆ. ಈಗ ಅದೇ ಹೊಲದ ಮೇಲೆ ಅವರ ಮಗ ಶಿವು ಕಟ್ಟಿಸಿದ ನಾಲ್ಕಂತಸ್ತಿನ ಮನೆ ಇದೆ. ನಾವು ಆರ್.ಟಿ. ನಗರದವರು, ನಡೆದರೂ ಸಾಕು ಅವರ ಮನೆ ಸಿಗುತ್ತದೆ. ನನ್ನ ಚಿಕ್ಕಂದಿನ ಬೇಸಿಗೆ ರಜೆಯೆಲ್ಲ ಅಲ್ಲಿ ಮೊದಲಿದ್ದ ಹಳೇ ಮನೆಯ ತಾರಸಿಯ ಮೇಲೆಯೇ ಕಳೆಯಿತು. ಸಂಜೆ ಕರೆಂಟು ಹೋದ ಕೂಡಲೇ ಎಲ್ಲರೂ ಚಾಪೆ ಹೊತ್ತು ಮೇಲೆ ಓಡುತ್ತಿದ್ದೆವು. ಬಿಸಿಲು ಹೀರಿದ ಗಾರೆಯ ನೆಲ ಚಾಪೆಯ ಕೆಳಗೂ ಬೆಚ್ಚಗೆ ತಾಗುತ್ತಿತ್ತು. ದೊಡ್ಡಮ್ಮ ಒಂದು ದೊಡ್ಡ ಪಾತ್ರೆಯಲ್ಲಿ ಮಂಡಕ್ಕಿ ಕಲಸಿ ತರುತ್ತಿದ್ದರು. ಆಮೇಲೆ ಸಿನಿಮಾ ಹೆಸರಿನ ಆಟ. ಒಬ್ಬರು ಒಂದು ಅಕ್ಷರ ಕೊಡಬೇಕು, ಆ ಅಕ್ಷರದಿಂದ ಶುರುವಾಗುವ ಪಿಚ್ಚರಿನ ಹೆಸರನ್ನು ಇನ್ನೊಬ್ಬರು ಹೇಳಬೇಕು.

ದೊಡ್ಡಮ್ಮ ನೋಡಿದ್ದ ಪಿಚ್ಚರುಗಳು ಕಡಿಮೆ. ಆದರೆ ‘ಹ’ ಬಂದರೆ ಮಾತ್ರ ಅವರು ಮಂಡಕ್ಕಿ ಪಾತ್ರೆ ಪಕ್ಕಕ್ಕಿಟ್ಟು ನೆಟ್ಟಗೆ ಕೂರುತ್ತಿದ್ದರು. “ಅತ್ತು ಮೊಳ ಊವು!”

ಅವರ ಊರಿನ ಕಡೆಯವರ ಬಾಯಲ್ಲಿ ಹಕಾರ ನಿಲ್ಲುವುದಿಲ್ಲ. ಹತ್ತು ಅತ್ತಾಗುತ್ತದೆ, ಹೂವು ಊವಾಗುತ್ತದೆ. ಹಾಗಾಗಿ ‘ಅ’ ಬಂದರೂ ಅವರದು ಅದೇ ಉತ್ತರ. “ಒಂದೇ ಪಿಚ್ಚರ್ನ ಎರಡು ಅಕ್ಷರಕ್ಕೆ ಓಡಿಸ್ತಾಳೆ ನಮ್ಮಮ್ಮ” ಎಂದು ಶಿವು ಕೂಗುತ್ತಿದ್ದ. ಆಟಕ್ಕೆ ಅವನೇ ಅಂಪೈರು. ಅಂಥ ಹೆಸರಿನ ಪಿಚ್ಚರನ್ನು ಯಾರೂ ಕಂಡಿಲ್ಲ, ಕೇಳಿಲ್ಲ, ದೊಡ್ಡಮ್ಮ ಔಟ್. ಅವರು ವಾದ ಮಾಡುತ್ತಿರಲಿಲ್ಲ. “ಐತೆ ಕಣ್ರೋ. ನಾನು ನೋಡಿವ್ನಿ” ಎಂದು ಒಂದು ಸಲ ಹೇಳಿ ಮಂಡಕ್ಕಿ ಹಂಚುವುದಕ್ಕೆ ಹೋಗುತ್ತಿದ್ದರು. ಬರಬರುತ್ತಾ ಅದು ನಮ್ಮ ಮನೆಗಳಲ್ಲಿ ಒಂದು ಮಾತೇ ಆಗಿಹೋಯಿತು. ಯಾರಾದರೂ ಬುರುಡೆ ಬಿಟ್ಟರೆ “ಇದೊಂದು ದೊಡ್ಡಮ್ಮನ ಪಿಚ್ಚರ್” ಎನ್ನುವುದು. ನಾನೂ ಎಷ್ಟೋ ಸಲ ಅಂದಿದ್ದೇನೆ, ಕಚೇರಿಯಲ್ಲಿ ಕೂಡ.

ಕಳೆದ ವರ್ಷದವರೆಗೂ ಇದು ತಮಾಷೆಯಾಗಿಯೇ ಇತ್ತು.

ದೊಡ್ಡಮ್ಮನಿಗೆ ಈಗ ಎಂಬತ್ತರ ಹತ್ತಿರ. ಒಂದು ದಿನ ಗ್ಯಾಸಿನ ಮೇಲೆ ಹಾಲಿಟ್ಟು ಮರೆತರು. ಆಮೇಲೊಮ್ಮೆ ಸೊಪ್ಪು ತರಲು ಹೋಗಿ ಪಕ್ಕದ ರಸ್ತೆಗೆ ತಿರುಗಿಬಿಟ್ಟರು. ಶಿವು ಹೆದರಿದ. ಹೊರಗಿನವರಿಗೆ ಅವನು ದೊಡ್ಡ ಬಿಲ್ಡರ್, ಅಮ್ಮನ ವಿಷಯದಲ್ಲಿ ಮಾತ್ರ ಪುಕ್ಕಲ. ಅಮ್ಮನನ್ನು ಡಾಕ್ಟರ ಬಳಿಗೆ ಕರೆದುಕೊಂಡು ಹೋದ. ಡಾಕ್ಟರು ಮರೆವು ಯಾವಾಗಿನಿಂದ ಎಂದು ಕೇಳಿದ್ದಕ್ಕೆ ಅವನು, ಅಮ್ಮ ಪಕ್ಕದಲ್ಲಿಯೇ ಕೂತಿರುವಾಗ, “ಮೊದಲಿಂದ್ಲೂ ಸ್ವಲ್ಪ ಹಾಗೇನೇ ಡಾಕ್ಟ್ರೇ. ಇಲ್ದೇ ಇರೋ ಪಿಚ್ಚರ್ನೆಲ್ಲ ನೋಡಿದೀನಿ ಅಂತಾರೆ” ಅಂದನಂತೆ.

ಇದನ್ನು ನನಗೆ ಹೇಳಿದ್ದು ದೊಡ್ಡಮ್ಮನೇ. ಶನಿವಾರ ನಾನು ಹೋದಾಗ ಅವರು ಅವರೆಕಾಳು ಹಿದುಕುತ್ತಾ ಕೂತಿದ್ದರು. ನೆನೆದ ಕಾಳು ಬೆರಳ ಸಂದಿಯಿಂದ ಪುಸಕ್ಕನೆ ಹಾರಿ ತಟ್ಟೆಗೆ ಬೀಳುತ್ತಿತ್ತು. ಕೈ ನಿಲ್ಲಲಿಲ್ಲ, ದನಿಯೂ ಏರಲಿಲ್ಲ.

“ಆಲು ಮರೆತಿದ್ದು ದಿಟ. ದಾರಿ ತಪ್ಪಿದ್ದೂ ದಿಟ. ಅದುನ್ನ ಏಳ್ಲಿ, ಬೇಡ ಅನ್ನಲ್ಲ. ಆದ್ರೆ ನೋಡಿದ್ನ ನೋಡಿಲ್ಲ ಅಂದ್ರೆ ಎಂಗೆ ಸುಧಾ?” ಅಂದರು. ಆಮೇಲೆ ತಲೆಯೆತ್ತಿ ನನ್ನನ್ನು ನೋಡಿದರು. “ನೀನು ಎಲ್ಲಾನೂ ಉಡುಕ್ತೀಯಲ್ಲ. ಇದೊಂದು ಉಡುಕು. ಇದ್ರೆ ಐತೆ ಅನ್ನು. ಇಲ್ದಿದ್ರೆ ನಂಗೇ ಏಳ್ಬಿಡು. ನನ್ನ ತಲೇಲೇ ಉಟ್ಕೊಂಡಿದ್ದು ಅಂತ ನಾನೂ ತಿಳ್ಕೋತೀನಿ.”

ನನ್ನ ಕಚೇರಿಗೆ ಬರುವ ಎಷ್ಟು ಜನ ಹೀಗೆ, ‘ತಪ್ಪಿದ್ದರೆ ತಪ್ಪೆನ್ನಿ’ ಎಂದು ಕೇಳಿಕೊಂಡು ಬಂದಿದ್ದಾರೆ? ಒಬ್ಬರೂ ಇಲ್ಲ. ನಾನೂ ಅವರ ಜೊತೆ ಕೂತು ಒಂದು ಬೊಗಸೆ ಕಾಳು ಹಿದುಕಿದೆ, “ಹುಡುಕ್ತೀನಿ” ಅಂದೆ.

ಹುಡುಕಿದೆ. ಸಿನಿಮಾ ಹೆಸರುಗಳನ್ನು ಅಕ್ಷರದ ಕ್ರಮದಲ್ಲಿ ಜೋಡಿಸಿಟ್ಟ ಜಾಲತಾಣಗಳಲ್ಲಿ ನೋಡಿದೆ. ಹಳೇ ಚಿತ್ರಗಳ ಹುಚ್ಚು ಹಿಡಿದವರ ಗುಂಪುಗಳಲ್ಲಿ ಕೇಳಿದೆ. ಒಬ್ಬರು ‘ನೀವು ಹೇಳುತ್ತಿರುವುದು ಧಾರಾವಾಹಿ ಇರಬೇಕು’ ಅಂದರು, ಇನ್ನೊಬ್ಬರು ಹೂವಿನ ಹೆಸರಿರುವ ಬೇರೆ ಎಲ್ಲ ಪಿಚ್ಚರುಗಳನ್ನು ನನ್ನ ಮೇಲೆ ಸುರಿದರು. ಫೋನಿಗೆ ಬಾಯಲ್ಲೇ ಹೇಳಿ ಹುಡುಕೋಣವೆಂದು ದೊಡ್ಡಮ್ಮನ ಬಾಯಿಗೆ ಫೋನು ಹಿಡಿದರೆ, ಅದು ಅವರ ‘ಅತ್ತು’ವನ್ನು ಅಳು ಎಂದು ತಿಳಿದು ದುಃಖವಾದಾಗ ಏನು ಮಾಡಬೇಕೆಂಬ ವಿಡಿಯೋಗಳನ್ನು ತೋರಿಸಿತು. ದೊಡ್ಡಮ್ಮ ಅದರಲ್ಲಿ ಒಂದನ್ನು ಪೂರ್ತಿ ನೋಡಿ “ಪಾಪ, ಒಳ್ಳೇದನ್ನೇ ಏಳ್ತವ್ನೆ” ಅಂದರು.

ಮುಂದಿನ ಭಾನುವಾರ ಎಲ್ಲರೂ ಗಂಗಾನಗರದಲ್ಲಿ ಊಟಕ್ಕೆ ಸೇರಿದ್ದೆವು. ನನ್ನ ಪೇಚಾಟ ಕೇಳಿ ಶಿವು ನಕ್ಕ. ತನ್ನ ಫ್ಲ್ಯಾಟುಗಳ ಜಾಹೀರಾತು ಬರೆಸಲು ಅವನು ಫೋನಿನಲ್ಲಿ ಒಂದು ಬುದ್ಧಿವಂತ ಆ್ಯಪ್ ಇಟ್ಟುಕೊಂಡಿದ್ದಾನೆ. ಏನು ಕೇಳಿದರೂ ಉತ್ತರ ಬರೆದುಕೊಡುತ್ತದಂತೆ. “ಇಷ್ಟು ದಿನ ಇದನ್ಯಾಕೆ ಕೇಳ್ಲಿಲ್ಲ? ಒಂದ್ನಿಮಿಷ ಇರು” ಎಂದು ಹೆಸರು ಒತ್ತಿದ. ಒತ್ತಿದವನ ಮುಖ ಬದಲಾಯಿತು.

“ಅಮ್ಮ, ಇದೆ!”

ಅವನು ಎದ್ದು ನಿಂತು ಗಟ್ಟಿಯಾಗಿ ಓದಿದ. ‘ಹತ್ತು ಮೊಳ ಹೂವು’ ಒಂದು ಮನೋಜ್ಞ ಕೌಟುಂಬಿಕ ಚಿತ್ರ. ಬಡ ಹೂವಾಡಗಿತ್ತಿಯೊಬ್ಬಳನ್ನು ಜಮೀನ್ದಾರರ ಮಗ ಪ್ರೀತಿಸುತ್ತಾನೆ. ಮದುವೆಯ ದಿನ ಅವಳೇ ಕಟ್ಟಿದ ಹತ್ತು ಮೊಳದ ಹಾರದಿಂದ ಒಂದು ರಹಸ್ಯ ಬಯಲಾಗುತ್ತದೆ. ಹಾಡುಗಳು ಇಂದಿಗೂ ಜನಪ್ರಿಯ. ಓದಿ ಮುಗಿಸಿದ ಶಿವುವಿನ ಕಣ್ಣಲ್ಲಿ ನೀರೇ ಬಂದಿತ್ತು. “ಸಾರಿ ಅಮ್ಮ. ಇಷ್ಟು ವರ್ಷ ನಿನ್ನ ಆಡ್ಕೊಂಡ್ವಿ. ನೀನು ಹೇಳಿದ್ದೇ ಸರಿ” ಅಂದ.

ನಾವೆಲ್ಲ ದೊಡ್ಡಮ್ಮನ ಕಡೆ ತಿರುಗಿದೆವು. ಇಷ್ಟು ವರ್ಷದ ಮೇಲೆ ಅವರ ಮಾತು ಗೆದ್ದಿತ್ತು. ಅವರು ಮೊಸರನ್ನ ಕಲಸುತ್ತಿದ್ದ ಕೈ ನಿಲ್ಲಿಸಿ, “ಇನ್ನೊಂದು ಸಾರಿ ಓದು” ಅಂದರು. ಶಿವು ಓದಿದ. ಅವರು ಗಮನವಿಟ್ಟು ಕೇಳಿ, ನಿಧಾನವಾಗಿ ತಲೆಯಾಡಿಸಿದರು.

“ಇದಲ್ಲ ಕಣಪ್ಪ. ನಾನು ನೋಡಿದ್ರಲ್ಲಿ ಮದ್ವೇನೇ ಇಲ್ಲ. ಜಮೀನ್ದಾರನೂ ಇಲ್ಲ. ಇದು ಯಾವ್ದೋ ಬೇರೆ.”

“ಅಮ್ಮ, ಹೆಸರು ಅದೇ ಅಲ್ವಾ? ಮರೆತಿರ್ಬೋದು, ಬಿಡು.”

“ಎಸರು ಅದೇ. ಕತೆ ಅದಲ್ಲ. ನನ್ನ ಪಿಚ್ಚರ್ನಲ್ಲಿ ಒಬ್ಳು ಉಡುಗಿ ಊವು ಮಾರ್ತಾಳೆ. ಚಿಕ್ಕವಳಿದ್ದಾಗ ಅವರಪ್ಪ ಊವು ಅಳೆಯೋದು ಏಳ್ಕೊಟ್ಟಿರ್ತಾನೆ. ಒಂದೊಂದು ಮೊಳಕ್ಕೂ ಎರಡು ಬೆರಳು ಕೊಸರು ಬಿಡ್ಬೇಕು, ಕೊಳ್ಳೋರ ಮನ್ಸು ತುಂಬ್ಬೇಕು ಅಂತ. ಆಮೇಲೆ ಅಪ್ಪ ಊರು ಬಿಟ್ಟು ಓಗ್ತಾನೆ. ಎಷ್ಟೋ ವರ್ಸ ಆದ್ಮೇಲೆ ಯಾರೋ ಒಬ್ಬ ಮುದುಕ ಬಂದು ಅತ್ತು ಮೊಳ ಕೇಳ್ತಾನೆ. ಅವಳು ಅಳೀತಾಳೆ. ಅವನು, ‘ಕೊಸರು ಎಲ್ಲವ್ವಾ?’ ಅಂತಾನೆ. ಅವಳು ತಲೆ ಎತ್ತಿ ನೋಡಿ ಅಳ್ತಾಳೆ. ಅಷ್ಟೇ. ಇದುನ್ನ ಬಿಟ್ಟು ಅದ್ಯಾವುದನ್ನೋ ನನ್ನದು ಅಂತ ನಾನ್ಯಾಕೆ ಒಪ್ಕೊಳ್ಳಿ?”

ನನಗೆ ಅನುಮಾನ ಬಂತು. ಶಿವುವಿನ ಫೋನು ಇಸಿದುಕೊಂಡು ಆ ಕ್ಷಣ ಬಾಯಿಗೆ ಬಂದ ಒಂದು ಹೆಸರು ಒತ್ತಿದೆ: ‘ಇಡ್ಲಿ ಕದ್ದ ಇಂದ್ರಕುಮಾರ’. ಅದಕ್ಕೂ ಆ್ಯಪ್ ತಡಮಾಡಲಿಲ್ಲ. ಅದೊಂದು ನಕ್ಕು ನಗಿಸುವ ಚಿತ್ರವೆಂದೂ, ಹೋಟೆಲಿನ ದೃಶ್ಯಗಳು ಪ್ರೇಕ್ಷಕರ ಮನಗೆದ್ದವೆಂದೂ ಬರೆದುಕೊಟ್ಟಿತು. ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ನಗು ಬರಲಿಲ್ಲ. ನಾನು ದೊಡ್ಡಮ್ಮನನ್ನೇ ನೋಡುತ್ತಿದ್ದೆ. ‘ಹೌದು, ಇದೇ’ ಎಂದು ಒಂದು ಮಾತು ಅಂದಿದ್ದರೆ ಸಾಕಿತ್ತು. ಮಗ ಕ್ಷಮೆ ಕೇಳಿದ್ದ, ಮನೆಮಂದಿ ನಂಬಿದ್ದರು, ಡಾಕ್ಟರ ಹತ್ತಿರ ಆದ ಅವಮಾನವೂ ತೊಳೆದುಹೋಗುತ್ತಿತ್ತು. ತಾನಾಗಿ ಬಂದ ಗೆಲುವನ್ನು, ತನ್ನದಲ್ಲ ಎಂಬ ಒಂದೇ ಕಾರಣಕ್ಕೆ ಅವರು ವಾಪಸ್ಸು ಕಳಿಸಿಬಿಟ್ಟರು. ಇಷ್ಟು ವರ್ಷ ಸರ್ಟಿಫಿಕೇಟು ಕೊಡುವವಳು ನಾನೆಂದು ಮೆರೆದಿದ್ದೆ. ಅವತ್ತು, ಅದೇ ಊಟದ ಎಲೆಯ ಮುಂದೆ, ಯಾವ ಪುರಾವೆಯೂ ಇಲ್ಲದೆ, ಆ ಪಿಚ್ಚರು ಇದೆ ಎಂದು ನಾನು ನಂಬಿದೆ. ನಂಬಿದ ಮೇಲೆ ಹುಡುಕದೆ ಬಿಡುವುದು ಹೇಗೆ?

“ದೊಡ್ಡಮ್ಮ, ನೀನು ಅದನ್ನ ಯಾರ ಜೊತೆ ನೋಡಿದ್ದು?” ಎಂದು ಕೇಳಿದೆ.

“ನಮ್ಮ ಮುನಿರತ್ನನ ಜೊತೆ. ನಮ್ಮೂರಿಗೆ ಟೆಂಟು ಬಂದಿತ್ತು. ನನ್ನ ಮದ್ವೆಗೆ ಮುಂಚೆ.”

ಮುನಿರತ್ನಮ್ಮ ಇನ್ನೂ ಹುಣಸಮಾರನಹಳ್ಳಿಯಲ್ಲೇ ಇದ್ದಾರೆ ಎಂದು ತಿಳಿಯಿತು. ನಾನು ರಜೆ ಹಾಕಿದೆ. ಹೆಬ್ಬಾಳದಲ್ಲಿ ಬಸ್ಸು ಹತ್ತುವ ಮೊದಲೇ ದೊಡ್ಡಮ್ಮನಿಗೆ ಒಂದು ಷರತ್ತು ಹಾಕಿದೆ: “ನೀನು ಪಿಚ್ಚರ್ ಹೆಸರು ಎತ್ತಲೇಬಾರ್ದು. ನೀನು ಹೇಳಿಕೊಟ್ಟು ಅವರು ಹೂಂ ಅಂದ್ರೆ ಅದು ಸಾಕ್ಷಿ ಆಗಲ್ಲ.” ನನ್ನ ಕಚೇರಿಯ ಬುದ್ಧಿ ನೋಡಿ! ಹೇಳಿದ ಮೇಲೆ ನನಗೇ ನಾಚಿಕೆಯಾಯಿತು. ದೊಡ್ಡಮ್ಮ ಮಾತ್ರ “ಅದೇ ಸರಿ” ಎಂದು ಒಪ್ಪಿದರು. ದಾರಿಯುದ್ದಕ್ಕೂ ಮೇಲು ಸೇತುವೆಗಳ ಅಕ್ಕಪಕ್ಕ ನೋಡುತ್ತಾ, ಇಲ್ಲಿ ದ್ರಾಕ್ಷಿ ತೋಟ ಇತ್ತು, ಅಲ್ಲಿ ನಮ್ಮ ಸೋದರಮಾವನ ಕಣ ಇತ್ತು ಎಂದು ತೋರಿಸುತ್ತಾ ಬಂದರು. ಅವರು ತೋರಿಸಿದ ಕಡೆಯೆಲ್ಲ ನನಗೆ ಕಂಡದ್ದು ಕಾರಿನ ಷೋರೂಮುಗಳೇ.

ಮುನಿರತ್ನಮ್ಮನವರದು ಮೂರಂತಸ್ತಿನ ಮನೆ. ಮೇಲೆಲ್ಲ ಬಾಡಿಗೆಯವರು. ಕೆಳಗೆ ಮೊಮ್ಮಗನ ಕಾರಿನ ಪಕ್ಕದಲ್ಲೇ ಒಂದು ಸೀಮೆ ಹಸು ಕಟ್ಟಿದ್ದರು. ತಲೆಯ ಮೇಲೆ ವಿಮಾನ ಇಳಿಯುವಾಗ ನಾನು ಬಗ್ಗಿದೆ, ಹಸು ಮೆಲುಕು ಹಾಕುತ್ತಲೇ ಇತ್ತು. ಇಬ್ಬರು ಗೆಳತಿಯರೂ ಒಬ್ಬರ ಗಲ್ಲ ಒಬ್ಬರು ಹಿಡಿದುಕೊಂಡು ಬಹಳ ಹೊತ್ತು ನಿಂತರು. “ಎಷ್ಟು ಸೊರಗಿದ್ದೀಯೇ ಜಯಾ” ಎಂದು ಅವರು, “ನೀನೇನು ಕಮ್ಮಿ ಸೊರಗಿದ್ದೀಯಾ” ಎಂದು ಇವರು. ಕಾಫಿ ಆಯಿತು, ಚಕ್ಕುಲಿ ಆಯಿತು, ಸತ್ತವರ ಸುದ್ದಿ, ಹುಟ್ಟಿದವರ ಸುದ್ದಿ ಎಲ್ಲ ಆಯಿತು. ದೊಡ್ಡಮ್ಮ ಒಂದು ಸಲವೂ ಬಾಯಿತಪ್ಪಲಿಲ್ಲ. ಕೊನೆಗೆ ನಾನೇ ಮಾತು ತೆಗೆದೆ.

“ರತ್ನಮ್ಮನೋರೇ, ನಿಮ್ಮೂರಿಗೆ ಟೆಂಟ್ ಸಿನಿಮಾ ಬಂದಿತ್ತಂತಲ್ಲ. ನೀವಿಬ್ರೂ ಏನ್ ನೋಡಿದ್ರಿ, ಜ್ಞಾಪಕ ಇದ್ಯಾ?”

“ಅಯ್ಯೋ, ಮರೆಯಾಕಾಯ್ತದಾ? ಮರಳು ಗುಡ್ಡೆ ಮಾಡ್ಕೊಂಡು ಕೂತ್ಕೊಂಡಿದ್ವಿ. ಇವಳು ಎಂಗೆ ಅತ್ಲು ಅಂದ್ರೆ, ಮುಂದಿದ್ದೋರೆಲ್ಲ ತಿರುಗಿ ನೋಡಿದ್ರು! ಏನದು... ಅದೇ ಕಣಮ್ಮ, ಅತ್ತು ಮೊಳ ಊವು!”

ನಾನು ಕಾಫಿ ಲೋಟ ಕೆಳಗಿಟ್ಟೆ. ದೊಡ್ಡಮ್ಮ ನನ್ನ ಕಡೆ ನೋಡಲೇ ಇಲ್ಲ, ಹಸುವಿನ ಕಡೆ ನೋಡುತ್ತಿದ್ದರು.

“ಆದ್ರೆ ಆ ಹೆಸರಿನ ಪಿಚ್ಚರ್ ಎಲ್ಲೂ ಸಿಗ್ತಾ ಇಲ್ವಲ್ಲ, ಅಮ್ಮ.”

ಮುನಿರತ್ನಮ್ಮ ಜೋರಾಗಿ ನಕ್ಕರು. “ಎಂಗೆ ಸಿಕ್ತದೆ? ಆ ಎಸರು ಇಟ್ಟಿದ್ದೇ ನಮ್ಮಣ್ಣ! ಟೆಂಟ್ನೋರಿಗೆ ಬೋರ್ಡು ಬರೀತಿದ್ದ ನಮ್ಮಣ್ಣ. ಪಿಚ್ಚರ್‌ದು ನಿಜವಾದ ಎಸರು ಬೇರೆ ಇತ್ತು. ಮೊದಲ್ನೇ ದಿನ ಅದುನ್ನೇ ಬರ್ದ. ಜನ ಯಾವ್ದೋ ಪೂಜೆ ಪಿಚ್ಚರ್ ಅಂದ್ಕೊಂಡು ಬರ್ಲೇ ಇಲ್ಲ. ಟೆಂಟ್ ಸಾವ್ಕಾರ ತಲೆ ಮೇಲೆ ಕೈ ಒತ್ಕೊಂಡು ಕೂತ. ‘ಇದ್ರಲ್ಲಿ ಏನಯ್ಯಾ ಐತೆ?’ ಅಂತ ನಮ್ಮಣ್ಣನ್ನ ಕೇಳ್ದ. ‘ಒಬ್ಳು ಅತ್ತು ಮೊಳ ಊವು ಅಳೀತಾಳೆ ಸಾಮಿ’ ಅಂದ. ‘ಅದುನ್ನೇ ಬರಿ’ ಅಂದ ಸಾವ್ಕಾರ. ಬರ್ದ. ಮಾರ್ನೇ ದಿನ ಜಾಗ ಇರ್ಲಿಲ್ಲ!”

ಮೊದಲ ಆಟಕ್ಕೆ ಹೋಗದವರಿಗೆ ಅದು ಗೊತ್ತಾಗುವ ಹಾಗೇ ಇರಲಿಲ್ಲ. ಈ ಹುಡುಗಿಯರು ಹೋದದ್ದು ತುಂಬಿದ ಟೆಂಟಿಗೆ, ಹೊಸ ಬೋರ್ಡಿನ ಹೆಸರನ್ನು ಜನರ ಬಾಯಲ್ಲಿ ಕೇಳಿಕೊಂಡು. ಅಷ್ಟರಲ್ಲಿ ಪರದೆಯ ಮೇಲೆ ಹೆಸರು ಬಂದುಹೋಗಿತ್ತಂತೆ. ಕಂಡಿದ್ದರೂ ಓದುವುದಕ್ಕೆ ಇಬ್ಬರಿಗೂ ಅಕ್ಷರ ಬರುತ್ತಿರಲಿಲ್ಲ.

“ನಿಜವಾದ ಹೆಸರೇನು?” ಎಂದು ಕೇಳಿದೆ.

“ಸುಮತಿ ಅಂತ ಇತ್ತು. ನಮ್ಮಣ್ಣ ತನ್ನ ಮಗಳಿಗೂ ಅದೇ ಎಸರಿಟ್ಟ. ಅದ್ರ ಜೊತೇಲಿ ಇನ್ನೊಂದು ಮಾತು... ಪೂಜೆಗೆ ಕೂತಾಗ ಐನೋರು ನೀರು ಬಿಡಿಸ್ತಾರಲ್ಲ, ಮೊದ್ಲು ಏನೋ ಮಾಡಿಸ್ತಾರಲ್ಲ...”

“ಸಂಕಲ್ಪ?”

“ಆಂ! ‘ಸುಮತಿಯ ಸಂಕಲ್ಪ’. ಅದಕ್ಕೇ ಜನ ಪೂಜೆ ಅಂದ್ಕೊಂಡಿದ್ದು!”

ಅಲ್ಲೇ, ಹಸುವಿನ ಮುಂದೆಯೇ, ಫೋನು ತೆಗೆದು ಹುಡುಕಿದೆ. ಇತ್ತು. ಯಾರೋ ಪುಣ್ಯಾತ್ಮರು ಅದನ್ನು ಪೂರ್ತಿಯಾಗಿ ಏರಿಸಿದ್ದರು, ಹೆಸರಿನಲ್ಲಿ ಒಂದು ಒತ್ತಕ್ಷರ ನುಂಗಿ. ನೋಡಿದವರು ಬೆರಳೆಣಿಕೆಯಷ್ಟು. ಆದರೆ ನಾನು ಅದನ್ನು ಅಲ್ಲಿ ಒತ್ತಲಿಲ್ಲ. “ಎಲ್ಲರ ಮುಂದೆ ನೋಡೋಣ ದೊಡ್ಡಮ್ಮ” ಅಂದೆ. ಅವರು ಸೆರಗಿನಿಂದ ಮುಖ ಒರೆಸಿಕೊಂಡು, “ಮೊದ್ಲು ಅದೇನಾ ಅಂತ ನೋಡ್ಬೇಕು. ಆಮೇಲೆ ಕುಣಿ” ಅಂದರು. ಇಷ್ಟೆಲ್ಲ ಆದ ಮೇಲೂ!

ಭಾನುವಾರ ಮಧ್ಯಾಹ್ನ ಶಿವುವಿನ ಹಾಲಿನಲ್ಲಿ, ಗೋಡೆಯಷ್ಟು ಅಗಲದ ಟೀವಿಯ ಮುಂದೆ ನಾವೆಲ್ಲ ಕೂತೆವು. ಮುನಿರತ್ನಮ್ಮನವರನ್ನೂ ಕಾರು ಕಳಿಸಿ ಕರೆಸಿದ್ದ ಶಿವು. ಕಪ್ಪು ಬಿಳುಪಿನ ಚಿತ್ರ, ಮೈಯೆಲ್ಲ ಗೀರು. ನಿಮ್ಮ ಹತ್ತಿರ ಮುಚ್ಚುಮರೆ ಯಾಕೆ, ಚಿತ್ರ ಬಹಳ ಎಳೆಯಿತು. ಒಬ್ಬ ಧರ್ಮದರ್ಶಿ ಬಂದು ಉಪದೇಶ ಮಾಡಿದರು. ಮುಗಿಯಿತೆನ್ನುವಷ್ಟರಲ್ಲಿ ಇನ್ನೊಬ್ಬರು ಬಂದು ಅದನ್ನೇ ಹಾಡಿದರು. ಮಕ್ಕಳು ಒಬ್ಬೊಬ್ಬರಾಗಿ ಎದ್ದುಹೋದರು. ಹೂವಿನ ಹುಡುಗಿ ಮಾತ್ರ ನಡುನಡುವೆ ಬರುತ್ತಿದ್ದಳು. ಅವಳಪ್ಪ ಅವಳ ಪುಟ್ಟ ಮೊಳಕೈ ಹಿಡಿದು ಹೂವು ಅಳೆಯಲು ಕಲಿಸಿದ. ಎರಡು ಬೆರಳು ಕೊಸರು ಬಿಡಿಸಿದ. ಆಮೇಲೆ ಅವನು ಊರು ಬಿಟ್ಟ. ಕೊನೆಗೂ ಆ ಮುದುಕ ಬಂದ. ಹತ್ತು ಮೊಳ ಕೇಳಿದ. ಅವಳು ಅಳೆದಳು. ಮುನಿರತ್ನಮ್ಮ ದೊಡ್ಡಮ್ಮನ ಕೈ ಹಿಡಿದುಕೊಂಡರು.

“ಕೊಸರು ಎಲ್ಲವ್ವಾ?” ಎಂದ ಮುದುಕ.

ಹುಡುಗಿ ತಲೆ ಎತ್ತಿದಳು. ಸುಮ್ಮನೆ ನೋಡಿದಳು. ಮತ್ತೆ ತಲೆ ತಗ್ಗಿಸಿ, ಎರಡು ಬೆರಳು ಹೂವು ಬಿಟ್ಟು ದಾರ ಕತ್ತರಿಸಿದಳು. ಕಣ್ಣಲ್ಲಿ ಒಂದು ಹನಿ ನೀರೂ ಬರಲಿಲ್ಲ. ಚಿತ್ರ ಮುಗಿಯಿತು.

ದೊಡ್ಡಮ್ಮ ಆ ಖಾಲಿ ಪರದೆಯನ್ನೇ ನೋಡುತ್ತಿದ್ದರು. “ಅವಳು ಅಳಲ್ಲ” ಅಂದರು, ತಮಗೆ ತಾವೇ ಎಂಬಂತೆ. “ನಾನು ತಪ್ಪು ಏಳ್ತಿದ್ದೆ ಇಷ್ಟು ದಿನ. ಅವಳು ಅತ್ಲು ಅಂತ. ಅತ್ತಿದ್ದು ನಾನೇ ಇರ್ಬೇಕು.”

“ನೀನೇ ಕಣೇ. ಸೆರಗೆಲ್ಲ ಒದ್ದೆ ಮಾಡ್ಕೊಂಡಿದ್ದೆ” ಅಂದರು ಮುನಿರತ್ನಮ್ಮ.

ಶಿವು ಎದ್ದು ಬಂದು ಅಮ್ಮನ ಕಾಲ ಬಳಿ ಕೂತ. “ಡಾಕ್ಟ್ರಿಗೆ ನಾನೇ ಹೇಳ್ತೀನಿ ಅಮ್ಮ, ಪಿಚ್ಚರ್ ಇದೆ ಅಂತ” ಅಂದ. ಅಮ್ಮ ಅವನ ತಲೆ ಸವರಿದರು. ಅದರಿಂದ ಧೈರ್ಯ ಬಂತೋ ಏನೋ, ಅವನು ಇನ್ನೂ ಒಂದು ಮಾತು ಸೇರಿಸಿದ. “ಎಂಥಾ ಪಿಚ್ಚರ್ ಅಮ್ಮ! ಸೂಪರ್! ಎಷ್ಟು ಚೆನ್ನಾಗಿದೆ!”

ದೊಡ್ಡಮ್ಮನ ಕೈ ಅವನ ತಲೆಯ ಮೇಲೆಯೇ ನಿಂತಿತು.

“ಸುಳ್ಳು ಏಳ್ಬೇಡ ಕಣೋ. ಅರ್ಧಕ್ಕೇ ಗೊರಕೆ ಒಡೀತಿದ್ದೆ, ನಂಗೆ ಕೇಳ್ತು. ಚೆನ್ನಾಗೈತೆ ಅಂತ ನಾನ್ಯಾವತ್ತು ಏಳ್ದೆ? ಐತೆ ಅಂದೆ, ಅಷ್ಟೇ.”